ಚಂಪತ್ತಿಯ ಆರ್ಗನ್

ಕುರ್ಚಿಯ ಮೇಲೆ ಕುಳಿತೆನೆಂದರೆ ನನ್ನ ಕಾಲುಗಳು ಸುಮ್ಮನಿರುವುದಿಲ್ಲ. ಎಡಗಾಲು ಕೆಳಗೆ ಹೋದರೆ ಬಲಗಾಲು ಮೇಲೆ ಬರುತ್ತದೆ, ಬಲಗಾಲು ಕೆಳಗೆ ಹೋದರೆ ಎಡಗಾಲು. ಬ್ಯಾಂಕಿನಲ್ಲಿ ಸರದಿ ಕಾಯುವಾಗ, ಡಾಕ್ಟರರ ಬಾಗಿಲಲ್ಲಿ, ಮದುವೆ ಮನೆಯ ಕುರ್ಚಿಯಲ್ಲಿ, ಎಲ್ಲೆಂದರಲ್ಲಿ. ಪಕ್ಕದಲ್ಲಿ ಕುಳಿತವರು ಮೊದಲು ನನ್ನ ಕಾಲು ನೋಡುತ್ತಾರೆ, ಆಮೇಲೆ ಮುಖ ನೋಡುತ್ತಾರೆ, ಆಮೇಲೆ ಸ್ವಲ್ಪ ಸರಿದು ಕೂರುತ್ತಾರೆ. ಚಿಕ್ಕೋಡಿಯ ನಮ್ಮ ಮನೆಯಲ್ಲಿ ಊಟದ ಮೇಜು ಅಲುಗಾಡಿ ಸಾರು ಬಟ್ಟಲಿನ ಅಂಚಿಗೆ ಬಂದಾಗ ನನ್ನ ಹೆಂಡತಿ ಸರೋಜಾ, ಅವಳು ನಿಪ್ಪಾಣಿಯವಳು, ಮಾತಿನಲ್ಲಿ ಆ ಊರಿನ ತಂಬಾಕಿನ ಘಾಟು ಸ್ವಲ್ಪ ಇದ್ದದ್ದೇ, "ರೀ, ಸೈಕಲ್ ಹೊಡಕೋತ ಎಲ್ಲಿಗೆ ಹೊಂಟೀರಿ? ಊಟಾ ಮುಗಿಸಿ ಹೋಗ್ರಿ" ಅನ್ನುತ್ತಾಳೆ.

ನಾನು ತುಳಿಯುವುದು ಸೈಕಲ್ಲನ್ನಲ್ಲ, ಆರ್ಗನ್ನನ್ನು. ಕೆಲವರಿಗೆ ಅಪ್ಪನ ಮೂಗು ಬರುತ್ತದೆ, ಕೆಲವರಿಗೆ ಬೋಳುತಲೆ ಬರುತ್ತದೆ. ನನಗೆ ಬಂದದ್ದು ಅಪ್ಪನ ಕಾಲು. ಕೈ ಬರಲಿಲ್ಲ. ಹೀಗಾಗಿ ನಾನು ಜೀವನವಿಡೀ ಗಾಳಿ ಹಾಕುತ್ತಿದ್ದೇನೆ, ಸ್ವರ ಮಾತ್ರ ಹೊರಟಿಲ್ಲ.

ಆರ್ಗನ್ ಎಂದರೇನೆಂದು ಈಗ ಬಿಡಿಸಿ ಹೇಳಬೇಕಾಗುತ್ತದೆ. ಹಾರ್ಮೋನಿಯಂ ನೀವು ನೋಡಿಯೇ ಇರುತ್ತೀರಿ. ಅದರ ದೊಡ್ಡಪ್ಪ ಎಂದುಕೊಳ್ಳಿ. ಎದೆಯೆತ್ತರದ ಕಟ್ಟಿಗೆಯ ಪೆಟ್ಟಿಗೆ, ನಡುವೆ ಕರಿ ಬಿಳಿ ಪಟ್ಟಿಗಳು, ಅವುಗಳ ಮೇಲೆ ಸಾಲಾಗಿ ಬಿಳಿ ಗುಂಡಿಗಳು. ಒಂದು ಗುಂಡಿ ಎಳೆದರೆ ದನಿ ದಪ್ಪವಾಗುತ್ತದೆ, ಇನ್ನೊಂದು ಎಳೆದರೆ ಕೊಳಲಿನಂತಾಗುತ್ತದೆ. ಇದಕ್ಕೆ ಕೈಯಿಂದ ಗಾಳಿ ಹಾಕುವುದಿಲ್ಲ. ಕೆಳಗೆ ಎರಡು ಹಲಗೆಗಳಿವೆ. ಅವನ್ನು ಒಂದಾದ ಮೇಲೊಂದು ತುಳಿಯುತ್ತಿದ್ದರೆ ಒಳಗಿನ ಭಾತೆ, ಅಂದರೆ ಗಾಳಿಚೀಲ, ಉಸಿರಾಡುತ್ತದೆ, ಎರಡೂ ಕೈ ನುಡಿಸುವುದಕ್ಕೆ ಬಿಡುವಾಗುತ್ತವೆ. ನಮ್ಮ ಗಡಿ ಭಾಗದಲ್ಲಿ ನಾಟಕ ಕಂಪನಿಗಳ ರಂಗದ ಮುಂದೆ ಇದೇ ಇರುತ್ತಿತ್ತು. ಮರಾಠಿಯವರು ಪಾಯಪೇಟಿ ಎಂದರೆ ಕನ್ನಡದವರು ಕಾಲಪೇಟಿ ಎನ್ನುತ್ತಿದ್ದರು. ನನ್ನ ಅಪ್ಪ ಮಾತ್ರ ಆರ್ಗನ್ ಎಂದೇ ಹೇಳುತ್ತಿದ್ದ. ಪೇಟಿ ಎಂದವರನ್ನು ತಡೆದು, "ಪೇಟಿ ಅಂದ್ರ ಹೆಗಲಿಗೆ ಹಾಕ್ಕೊಂಡು ಹೋಗೂದು. ಇದಕ್ಕ ನಾವು ಹೋಗಿ ಕುಂದರಬೇಕು" ಎಂದು ತಿದ್ದುತ್ತಿದ್ದ.

ಮಿರಜದ ಕಡೆಯ ಒಂದು ಕಂಪನಿ ಮುಚ್ಚಿದಾಗ ನನ್ನ ಅಜ್ಜ ಅದರ ಆರ್ಗನ್ನನ್ನು ರೈಲಿನಲ್ಲಿ ನಮ್ಮೂರಾದ ಶೇಡಬಾಳಕ್ಕೆ ತಂದ. ಸ್ಟೇಷನ್ನಿನಿಂದ ಮನೆಗೆ ಚಕ್ಕಡಿಯಲ್ಲಿ ಬಂತು. ನಮ್ಮದು ಜೈನರ ಮನೆ. ಭಾತೆಗೆ ಚರ್ಮ ಹಚ್ಚಿದ್ದಾರೆಂದು ಗೊತ್ತಾದದ್ದೇ ಅಜ್ಜಿ ಹೊಸ್ತಿಲಲ್ಲಿ ಅಡ್ಡ ನಿಂತಳು. ಚರ್ಮ ತೆಗೆಸಿ ರಬ್ಬರಿನ ಬಟ್ಟೆ ಹಾಕಿಸುವ ತನಕ ಆರ್ಗನ್ ದನದ ಕೊಟ್ಟಿಗೆಯಲ್ಲಿ ಎಮ್ಮೆಗಳ ಜೊತೆಗಿತ್ತು. ಅದರ ಕೆಳಗಿನ ಸ್ವರಗಳಲ್ಲಿ ಕೊನೆಯತನಕ ಸ್ವಲ್ಪ ಎಮ್ಮೆಯ ದನಿ ಉಳಿದಿತ್ತೆಂದು ನಮ್ಮವ್ವನ ಅಭಿಪ್ರಾಯ. ಅಪ್ಪ ಇದನ್ನು ಒಪ್ಪಿದ್ದಿಲ್ಲ.

ಅಪ್ಪನ ಹೆಸರು ನೇಮಣ್ಣ. ಹಗಲೆಲ್ಲ ಕಬ್ಬಿನ ಗದ್ದೆ, ಹೊತ್ತು ಮುಳುಗುವ ಮೊದಲು ಊಟ, ಊಟವಾದ ಮೇಲೆ ಆರ್ಗನ್. ಬಸದಿಯ ಭಜನೆಗೆ, ಊರಿನ ಹವ್ಯಾಸಿ ನಾಟಕಕ್ಕೆ, ಯಾರದಾದರೂ ಮದುವೆಗೆ ಅವನೇ ಬೇಕು. ಚೆನ್ನಾಗಿ ನುಡಿಸುತ್ತಿದ್ದ, ಅದಕ್ಕಿಂತ ಚೆನ್ನಾಗಿ ನುಡಿಸುತ್ತೇನೆಂದು ತಿಳಿದಿದ್ದ. ಕಾಗವಾಡದಿಂದ ನಿಪ್ಪಾಣಿಯವರೆಗೆ ಯಾರೇ ಪೇಟಿ ಮುಟ್ಟಿದರೂ, "ಅಂವಗ ಮೊದಲ ನಾನಽ ತೋರಿಸಿದ್ದು" ಅನ್ನುವುದು ಅವನ ಮಾತು. ಅವರಲ್ಲಿ ಕೆಲವರು ಅಪ್ಪನಿಗಿಂತ ಹಿರಿಯರಾಗಿದ್ದರು ಎಂಬುದು ಅವನಿಗೆ ಅಡ್ಡಿಯಾಗಿರಲಿಲ್ಲ.

ಈ ಆರ್ಗನ್ ಶಾಲೆಯಲ್ಲಿ ಒಮ್ಮೆ ನನ್ನ ಮಾನ ಕಳೆದಿತ್ತು. ಇಂಗ್ಲಿಷಿನ ಮಾಸ್ತರು ಪಾಠದಲ್ಲಿ ಆರ್ಗನ್ ಎಂಬ ಶಬ್ದ ಬಂದಾಗ, "ಇದು ಯಾರಿಗೆ ಗೊತ್ತೈತಿ?" ಎಂದು ಕೇಳಿದರು. ಇಡೀ ತರಗತಿಯಲ್ಲಿ ಕೈ ಎತ್ತಿದವನು ನಾನೊಬ್ಬನೇ.

"ನಮ್ಮ ಮನ್ಯಾಗ ಒಂದು ಐತ್ರಿ ಸರ್," ಎಂದೆ.

ಮಾಸ್ತರು ಕನ್ನಡಕ ಸರಿಮಾಡಿಕೊಂಡರು. "ಒಂದಽ ಐತೇನು? ಉಳಿದವು ಎಲ್ಲಿ ಹೋದವೋ?"

"ಒಂದಽ ರಿ. ನಮ್ಮಪ್ಪ ಅದನ್ನ ಯಾರಿಗೂ ಮುಟ್ಟಗೊಡೂದಿಲ್ರಿ."

ಹೃದಯ, ಯಕೃತ್ತು, ಮೂತ್ರಪಿಂಡ ಇವೆಲ್ಲಕ್ಕೂ ಇಂಗ್ಲಿಷರು ಅದೇ ಹೆಸರು ಇಟ್ಟಿದ್ದಾರೆಂದು ಆ ದಿನ ತಿಳಿಯಿತು. ಮುಂದೆ ನಾನು ಚಿಕ್ಕೋಡಿಯಲ್ಲಿ ಕಾಲೇಜು ಓದಿ, ರಾಯಬಾಗದ ಒಂದು ಹೈಸ್ಕೂಲಿನಲ್ಲಿ ವಿಜ್ಞಾನದ ಮಾಸ್ತರನಾದದ್ದು ಆ ಅವಮಾನದ ಸೇಡಿಗೋ ಏನೋ. ಬಣ್ಣದ ಸೀಮೆಸುಣ್ಣದಲ್ಲಿ ಮೂತ್ರಪಿಂಡದ ಚಿತ್ರ ಬರೆಯುವುದರಲ್ಲಿ ನನಗೆ ಒಳ್ಳೆಯ ಹೆಸರಿತ್ತು. ಗೋಡಂಬಿ ಬರೆದಂತೆ ಬರೆಯುತ್ತಿದ್ದೆ. ನಿಜವಾದದ್ದು ಎದುರಿಗೆ ಬಂದಾಗ ಆ ಚಿತ್ರ ಒಂದಿಷ್ಟೂ ಉಪಯೋಗಕ್ಕೆ ಬರಲಿಲ್ಲ, ಆ ಮಾತು ಮುಂದೆ ಹೇಳುತ್ತೇನೆ.

ಅಪ್ಪ ಯಾರಿಗೂ ಮುಟ್ಟಗೊಡುತ್ತಿರಲಿಲ್ಲ ಎಂದೆನಲ್ಲ, ಅದರಲ್ಲಿ ಅವನ ತಂಗಿಯೂ ಸೇರಿದ್ದಳು. ಚಂಪಾಬಾಯಿ, ನಮಗೆ ಚಂಪತ್ತಿ. ಅಪ್ಪನಿಗಿಂತ ಸ್ವಲ್ಪ ಚಿಕ್ಕವಳು. ಅಜ್ಜ ಮಗನನ್ನು ಕೂರಿಸಿಕೊಂಡು ಕಲಿಸಿದ, ಮಗಳನ್ನು ಕೂರಿಸಲಿಲ್ಲ. ಕಾರಣ ಬಹಳ ಸರಳ. ಹಲಗೆ ತುಳಿಯುವಾಗ ಹೆಣ್ಣುಮಕ್ಕಳ ಸೀರೆ ಮೇಲೆ ಸರಿದು ಕಾಲು ಕಾಣುತ್ತವೆ. ಹಾರ್ಮೋನಿಯಂ ಆಗಿದ್ದರೆ ಕಲಿಸುತ್ತಿದ್ದನೋ ಏನೋ. ಆದರೆ ಮನೆಯಲ್ಲಿದ್ದದ್ದು ಆರ್ಗನ್. ಅವಳ ಪಾಲಿಗೆ ಬಂದದ್ದು ಅದನ್ನು ಒರೆಸುವ ಕೆಲಸ, ಅದಕ್ಕೊಂದು ಹೊದಿಕೆ ಕಸೂತಿ ಹಾಕುವ ಕೆಲಸ. ಹೊದಿಕೆಯ ಮೇಲೆ ಅವಳು ಎರಡು ನವಿಲು ಹಾಕಿದ್ದಳು. ಮದುವೆಯಾಗಿ ಅಥಣಿಗೆ ಹೋದಳು.

ಅಜ್ಜ ತೀರಿಕೊಂಡದ್ದು ಎಂಬತ್ತರ ದಶಕದ ನಡುವಿನಲ್ಲಿ. ಆಗ ಹೊಲದ ಹಕ್ಕು ಬಿಟ್ಟುಕೊಡುವ ಕಾಗದಕ್ಕೆ ಸಹಿ ಮಾಡಲು ಚಂಪತ್ತಿ ಬಂದಿದ್ದಳು. ನಮ್ಮ ಕಡೆ ಅಕ್ಕತಂಗಿಯರು ಬರುವುದು, ಸಹಿ ಮಾಡುವುದು, ಸೀರೆ ಉಟ್ಟು ಹೋಗುವುದು ಒಂದು ಹಬ್ಬದಂತೆ ನಡೆಯುತ್ತದೆ. ಅವಳು ಪೆನ್ನು ಹಿಡಿದು ಅಣ್ಣನಿಗೆ ಹೇಳಿದಳು.

"ದಾದಾ, ನನಗ ಹೊಲಾ ಬ್ಯಾಡ. ಆ ಪೇಟಿ ಕೊಡು."

ಅಪ್ಪ ನಕ್ಕುಬಿಟ್ಟ. "ಆರ್ಗನ್ ತಗೊಂಡು ಏನು ಮಾಡ್ತಿ? ಹಾಲು ಕರೀತೀಯೇನು?"

ಅಲ್ಲಿದ್ದವರೆಲ್ಲ ನಕ್ಕರು. ಚಂಪತ್ತಿಯೂ ನಕ್ಕಳು, ಸಹಿ ಮಾಡಿದಳು, ಸೀರೆ ಉಟ್ಟಳು, ಅಥಣಿಯ ಬಸ್ಸು ಹತ್ತಿದಳು. ಜಗಳವಾಗಲಿಲ್ಲ. ಪಂಚಮಿಗೆ ಬರುತ್ತಿದ್ದಳು, ದೀಪಾವಳಿಗೆ ಬರುತ್ತಿದ್ದಳು, ಉಪ್ಪಿನಕಾಯಿ ತರುತ್ತಿದ್ದಳು. ಆದರೆ ಪಡಸಾಲೆಯಲ್ಲಿ ಕೂರುತ್ತಿರಲಿಲ್ಲ. ಹಿತ್ತಲಿನ ಬಾಗಿಲಿನಿಂದ ಬಂದು ಅಡಿಗೆಮನೆಯಲ್ಲೇ ಇದ್ದು ಹಾಗೇ ಹೋಗುತ್ತಿದ್ದಳು. ಇದನ್ನು ಅವ್ವ ಗಮನಿಸಿದ್ದಳು. ಅಪ್ಪ ಗಮನಿಸಲಿಲ್ಲ. ಗಮನಿಸಲಿಲ್ಲವೆಂದು ನಾವು ತಿಳಿದಿದ್ದೆವು.

ತೊಂಬತ್ತರ ದಶಕ ಹಿಡಿದ ಮೇಲೆ ಅಪ್ಪನ ಆರ್ಗನ್ನಿನ ದನಿ ಸೊರಗತೊಡಗಿತು. ಹಾಡು ಅರ್ಧಕ್ಕೆ ಬರುವಷ್ಟರಲ್ಲಿ ಗಾಳಿ ಕಡಿಮೆಯಾಗಿ ಸ್ವರ ಕೆಳಗಿಳಿಯುತ್ತಿತ್ತು. ಭಾತೆ ಎಲ್ಲೋ ತೂತು ಬಿದ್ದಿದೆ ಎಂದು ಅವನು ಹಿಂದಿನ ಹಲಗೆ ಬಿಚ್ಚಿ ಸೈಕಲ್ ಟ್ಯೂಬಿನ ತೇಪೆ ಹಚ್ಚಿದ. ಮತ್ತೆ ಹಚ್ಚಿದ. ಭಾತೆಯೆಲ್ಲ ತೇಪೆಯಾಯಿತು, ದನಿ ಏಳಲಿಲ್ಲ. ನಾನು ರಾಯಬಾಗದಿಂದ ರೈಲು ಹಿಡಿದು ಒಂದು ಭಾನುವಾರ ಊರಿಗೆ ಬಂದಾಗ ಅವ್ವ ನನ್ನನ್ನು ಹಿತ್ತಲಿಗೆ ಕರೆದಳು. ಮನೆಯಲ್ಲಿ ನನಗೆ ಬಾಹು ಎನ್ನುತ್ತಾರೆ.

"ಬಾಹು, ತೂತು ಪೇಟ್ಯಾಗಿಲ್ಲೋ. ಅವರ ಕಾಲು ನೋಡು. ಚಪ್ಪಲಿ ಹೊಂದಾಕ ಒಲ್ಲವು."

ನೋಡಿದೆ. ಪಾದಗಳು ಊದಿಕೊಂಡು ಹಲಗೆಯ ಮೇಲೆ ಎರಡು ಬನ್ನು ಇಟ್ಟಂತೆ ಇದ್ದವು. ವಿಜ್ಞಾನದ ಮಾಸ್ತರನಾದ ನಾನು ಗಂಭೀರವಾಗಿ, "ಉಪ್ಪು ಕಮ್ಮಿ ತಿನ್ನು" ಎಂದೆ. ಅಪ್ಪ ಅದಕ್ಕಿಂತ ಗಂಭೀರವಾಗಿ, "ಹುಚ್ಚುಚ್ಚಾರ ಮಾತಾಡಬ್ಯಾಡ, ಹಲಗಿ ಬಿಗಿ ಆಗ್ಯಾವು" ಎಂದ. ಅವ್ವ ಇಬ್ಬರ ಮಾತನ್ನೂ ಕೇಳದೆ ಚೀಲ ಕಟ್ಟಿದಳು. ಮರುದಿನ ಮಿರಜಕ್ಕೆ ಹೋದೆವು.

ನಮ್ಮ ಕಡೆಯವರಿಗೆ ಮಿರಜ ಎಂದರೆ ಎರಡು ಕೆಲಸಕ್ಕೆ. ತಂತಿವಾದ್ಯ ಬೇಕಾದರೆ ಅಲ್ಲಿಗೆ, ಜೀವಕ್ಕೆ ಬಂದರೂ ಅಲ್ಲಿಗೆ. ಅಲ್ಲಿಯ ಡಾಕ್ಟರು ರಕ್ತ ತೆಗೆದರು, ಮತ್ತೇನೇನೋ ನೋಡಿದರು, ಕೊನೆಗೆ ನಮ್ಮನ್ನು ಕೂರಿಸಿ ಎರಡೂ ಕಿಡ್ನಿ ಕೆಲಸ ನಿಲ್ಲಿಸುತ್ತ ಬಂದಿವೆ ಎಂದರು. ಒಳ್ಳೆಯ ಮನುಷ್ಯರು. ಅರ್ಧ ಮರಾಠಿ ಅರ್ಧ ಕನ್ನಡದಲ್ಲಿ ಮೆಲ್ಲಗೆ ಹೇಳಿದರು.

"ಘಾಬರಿ ಆಗಬ್ಯಾಡ್ರಿ. ಸದ್ಯ ಮಶೀನಿನ ಮ್ಯಾಲೆ ರಕ್ತಾ ಸ್ವಚ್ಛ ಮಾಡೂಣು. ಮುಂದ ಪುಣೆಕ್ಕ ಹೋದ್ರ ಬದಲಿ ಮಾಡ್ತಾರ. ಅದಕ್ಕ ಮನೀ ಪೈಕಿ ಯಾರಾದ್ರೂ ಆರ್ಗನ್ ಕೊಡಬೇಕಾಗ್ತೈತಿ."

ಮಂಚದ ಮೇಲೆ ಸೋತು ಮಲಗಿದ್ದ ಅಪ್ಪ ಎದ್ದು ಕುಳಿತ.

"ಕೊಡೂದಿಲ್ರಿ."

"ಯಾರು ಕೊಡೂದಿಲ್ಲ?"

"ನಾನು. ಅದು ನಮ್ಮಪ್ಪಂದೈತಿ."

ಡಾಕ್ಟರು ಪೆನ್ನು ಕೆಳಗಿಟ್ಟರು. "ನಿಮ್ಮಪ್ಪಂದು? ಎಲ್ಲಿ ಇಟ್ಟೀರಿ?"

"ಪಡಸಾಲ್ಯಾಗ. ಧೂಳು ಬೀಳಬಾರದಂತ ಮ್ಯಾಲೆ ಬಟ್ಟಿ ಹೊಚ್ಚೇವಿ."

ಡಾಕ್ಟರು ನನ್ನ ಮುಖ ನೋಡಿದರು. ರೋಗ ತಲೆಗೆ ಏರಿದೆ ಎಂದು ಅವರಿಗೆ ಅನ್ನಿಸಿರಬೇಕು. ನಾನು ಎಲ್ಲವನ್ನೂ ಬಿಡಿಸಿ ಹೇಳುವಷ್ಟರಲ್ಲಿ ಅವರು ನಗು ತಡೆಯಲಾರದೆ ಕಿಟಕಿಯ ಕಡೆ ತಿರುಗಿದರು. ಅಪ್ಪನಿಗೆ ವಿಷಯ ತಿಳಿದ ಮೇಲೂ ಅವನ ಉತ್ತರ ಬದಲಾಗಲಿಲ್ಲ. "ಅದೂ ಬ್ಯಾಡ್ರಿ. ಇನ್ನೊಬ್ಬರ ಮೈ ಕೊಯಿಸಿ ನಾ ಏನು ಬದಕೂದು" ಎಂದು ಗೋಡೆಗೆ ಮುಖ ಮಾಡಿ ಮಲಗಿದ.

ಅವನ ಮಾತು ಯಾರು ಕೇಳುತ್ತಾರೆ. ನಾನು ರಕ್ತ ಕೊಟ್ಟೆ, ನನ್ನದು ಅವನಿಗೆ ಕೂಡಲಿಲ್ಲ. ಅಪ್ಪನ ಕಾಲು ನನಗೆ ಬಂದಿತ್ತು, ರಕ್ತ ಅವ್ವನದು ಬಂದಿತ್ತು. ಹೆಣ್ಣುಮಕ್ಕಳಂತೆ ಅತ್ತುಬಿಟ್ಟೆ. ಅವ್ವನಿಗೆ ಸಕ್ಕರೆ ಕಾಯಿಲೆ, ಅವಳದನ್ನು ನೋಡುವ ಪ್ರಶ್ನೆಯೇ ಇರಲಿಲ್ಲ. ನಾನು ಒಬ್ಬನೇ ಮಗ. ಅಪ್ಪನನ್ನು ವಾರವಾರ ಮಿರಜಕ್ಕೆ ಕರೆದೊಯ್ದು ಆ ಮಶೀನಿಗೆ ಹಚ್ಚಿಸಿಕೊಂಡು ಬರುತ್ತಿದ್ದೆವು. ಕಪ್ಪಾಗುತ್ತ, ಸಣ್ಣಗಾಗುತ್ತ ಹೋದ. ಆರ್ಗನ್ನಿನ ಮೇಲೆ ಹೊದಿಸಿದ ಬಟ್ಟೆ ತೆಗೆಯುವವರಿರಲಿಲ್ಲ.

ಆಗ ಒಂದು ಬೆಳಗ್ಗೆ ಚಂಪತ್ತಿ ಅಥಣಿಯಿಂದ ಬಂದಳು. ಯಾವಾಗಿನಂತೆ ಹಿತ್ತಲಿನಿಂದ ಬರಲಿಲ್ಲ. ಮುಂಬಾಗಿಲಿನಿಂದ ಬಂದು, ಚಪ್ಪಲಿ ಬಿಟ್ಟು, ನೇರ ಪಡಸಾಲೆಗೆ ಹೋಗಿ ಆರ್ಗನ್ನಿನ ಮುಂದಿನ ಸ್ಟೂಲಿನ ಮೇಲೆ ಕುಳಿತುಬಿಟ್ಟಳು. ಎದುರಿನ ಮಂಚದಲ್ಲಿ ಅಪ್ಪ ಇದ್ದ.

"ದಾದಾ, ನಾ ಮಿರಜಕ್ಕ ಹೋಗಿ ರಕ್ತಾ ತೋರಿಸಿ ಬಂದೇನಿ. ನಂದು ನಿನಗ ಕೂಡತೈತಿ."

ಅವಳು ಯಾರಿಗೂ ಹೇಳದೆ ಹೋಗಿ ಬಂದಿದ್ದಳು.

"ಬ್ಯಾಡ ಚಂಪಾ. ತಂಗಿ ಮೈಯಾಗಿಂದ ತಗೊಂಡ್ನಿ ಅಂತ ಊರೆಲ್ಲ ಅಂತಾರ."

"ಊರಿನವರ ಕಿಡ್ನಿ ಚಲೋ ಅದಾವು, ಅಂತಾರ. ನೀ ನಿಂದು ನೋಡಿಕೋ."

"ನಿನಗ ಏನಾರ ಆದ್ರ?"

"ನನ್ನ ಕಡೆ ಎರಡು ಅದಾವು. ನಿನ್ನ ಕಡೆ ಒಂದಽ ಇತ್ತು, ನೀ ಕೊಡಲಿಲ್ಲ. ನಾ ಹಂಗಲ್ಲ."

ಹೀಗೆ ಹೇಳಿ ಅವಳು ಮೊಣಕೈಯನ್ನು ನವಿಲಿನ ಬಟ್ಟೆಯ ಮೇಲೆ ಇಟ್ಟಳು. ಅಡಿಗೆಮನೆಯ ಬಾಗಿಲಲ್ಲಿ ನಿಂತ ಅವ್ವ ಸೆರಗು ಬಾಯಿಗೆ ಹಿಡಿದಳು, ನಗುವುದಕ್ಕೋ ಅಳುವುದಕ್ಕೋ ನನಗೆ ಗೊತ್ತಾಗಲಿಲ್ಲ. ಅಪ್ಪ ತಲೆ ತಗ್ಗಿಸಿದ. "ಹಂಗಾದ್ರ ಇದನ್ನ ನೀ ಒಯ್ಯಿ" ಎಂದು ಆರ್ಗನ್ನಿನ ಕಡೆ ಕೈ ಮಾಡಿದ.

"ಈಗ ಬ್ಯಾಡ. ಇದರ ಬದಲಿ ಅದು ಅಂದ್ರ ಸಂತಿ ಮಾಡಿದಂಗ ಆಗ್ತೈತಿ," ಎಂದಳು ಚಂಪತ್ತಿ.

ಅವಳ ಗಂಡ ಆದಪ್ಪ ಮಾಮಾ ಅಥಣಿಯಲ್ಲಿ ಬಟ್ಟೆಯ ಅಂಗಡಿ ಇಟ್ಟವರು, ಮಾತು ಕಡಿಮೆ. ನಾನು ಅಳುಕುತ್ತಲೇ ಅವರನ್ನು ಕೇಳಲು ಹೋದೆ. ಅವರು ಗಜಕೋಲು ಕೈಯಲ್ಲಿ ಹಿಡಿದು ನನ್ನನ್ನೇ ನೋಡಿ, "ಅಳತಿ ಹಾಕೂಕಿಂತ ಮೊದಲ ಕೇಳಬೇಕಿತ್ತೋ ತಮ್ಮಾ. ಅಳತಿ ಆದ ಮ್ಯಾಲೆ ಕತ್ತರಸಾಕ ಏನು ಕೇಳ್ತಿ?" ಎಂದರು. ಆಮೇಲೆ ಗಿರಾಕಿಗೆ ಸೀರೆ ತೋರಿಸುತ್ತೇನೆಂದು ಬಟ್ಟೆಯ ಥಾನುಗಳ ಹಿಂದೆ ಹೋದವರು ಬಹಳ ಹೊತ್ತು ಹೊರಗೆ ಬರಲಿಲ್ಲ. ಅಂಗಡಿಯಲ್ಲಿ ಗಿರಾಕಿ ಯಾರೂ ಇರಲಿಲ್ಲ.

ಸುದ್ದಿ ಊರಿಗೆ ತಿಳಿದ ಮೇಲೆ ಬಸದಿಯ ಕಟ್ಟೆಯ ಮೇಲೆ ಒಂದು ದೊಡ್ಡ ಚರ್ಚೆ ಎದ್ದಿತು. ನಮ್ಮಲ್ಲಿ ದಾನ ನಾಲ್ಕು ಬಗೆ. ಆಹಾರ, ಔಷಧ, ಶಾಸ್ತ್ರ, ಅಭಯ. ಕಿಡ್ನಿ ಇವುಗಳಲ್ಲಿ ಯಾವುದಕ್ಕೆ ಸೇರುತ್ತದೆ? ರೋಗ ವಾಸಿಯಾಗುವುದರಿಂದ ಔಷಧದಾನವೆಂದು ಒಂದು ಪಕ್ಷ. ಸಾವಿನ ಭಯ ಹೋಗುವುದರಿಂದ ಅಭಯದಾನವೆಂದು ಇನ್ನೊಂದು ಪಕ್ಷ. ಹಿರಿಯರೊಬ್ಬರು, ಡಾಕ್ಟರು ಪುಸ್ತಕ ಓದಿಯೇ ಮಾಡುವುದರಿಂದ ಇದರಲ್ಲಿ ಶಾಸ್ತ್ರದಾನದ ಅಂಶವೂ ಇದೆಯೆಂದು ವಾದಿಸಿದರು. ಆಹಾರದಾನದ ಕಡೆಗೆ ಮಾತ್ರ ಯಾರೂ ಹೋಗಲಿಲ್ಲ, ಪುಣ್ಯ. ನಾನು ಇದನ್ನು ಚಂಪತ್ತಿಗೆ ಹೇಳಿದಾಗ ಅವಳು ಅಕ್ಕಿ ಆರಿಸುತ್ತಲೇ, "ಯಾವ ದಾನಾನೂ ಅಲ್ಲೋ ಬಾಹು. ದಾನಾ ಅಂದ್ರ ಹೊರಗಿನವರಿಗೆ ಕೊಡೂದು. ಇದು ನಮ್ಮ ಮನ್ಯಾಗಿಂದ ನಮ್ಮ ಮನಿಗೆ" ಎಂದಳು.

ಪುಣೆಯ ಆಸ್ಪತ್ರೆಯಲ್ಲಿ ಕೊಡುವವರನ್ನು ಬೇರೆ ಕೋಣೆಗೆ ಕರೆದು ವಿಚಾರಿಸುವ ಪದ್ಧತಿಯಿತ್ತು. ಯಾರದಾದರೂ ಒತ್ತಾಯವಿದೆಯೇ, ಇದಕ್ಕೆ ಬದಲಾಗಿ ಏನಾದರೂ ಸಿಕ್ಕಿದೆಯೇ ಎಂದು ಕೇಳುತ್ತಾರೆ. ಚಂಪತ್ತಿಯ ಮರಾಠಿ ಚೆನ್ನಾಗಿತ್ತು, ಆದರೂ ನಾನು ಜೊತೆಗಿದ್ದೆ. "ಅಣ್ಣನ ಕಡೆಯಿಂದ ನಿಮಗೆ ಏನಾದರೂ ಬಂದಿದೆಯೇ?" ಎಂದು ಡಾಕ್ಟರಮ್ಮ ಕೇಳಿದರು. ಚಂಪತ್ತಿ ಯೋಚಿಸಿ, "ಒಮ್ಮೆ ಒಂದು ಕೇಳಿದ್ದೆ, ಕೊಡಲಿಲ್ಲ" ಎಂದಳು. ಡಾಕ್ಟರಮ್ಮ ತಲೆ ಎತ್ತಿದರು. ಏನದು ಎಂದರು. ಆರ್ಗನ್ ಎಂದಳು. ಮಿರಜದಲ್ಲಿ ನಾನು ಕೊಟ್ಟ ವಿವರಣೆಯನ್ನೆಲ್ಲ ಮತ್ತೊಮ್ಮೆ ಕೊಡಬೇಕಾಯಿತು.

ಇಬ್ಬರನ್ನೂ ಒಳಗೆ ಒಯ್ಯುವ ಬೆಳಗ್ಗೆ ಅಪ್ಪನ ಗಾಲಿಮಂಚ ಮುಂದೆ, ಅವಳದು ಹಿಂದೆ. ಬಾಗಿಲಿನ ಹತ್ತಿರ ಎರಡೂ ಒಂದು ಗಳಿಗೆ ಅಕ್ಕಪಕ್ಕ ನಿಂತವು. ಅಪ್ಪ ಅವಳ ಕಡೆ ಕೈ ಚಾಚಿದ. ಅವಳು ಹಿಡಿದುಕೊಳ್ಳಲಿಲ್ಲ, ಅವನ ಹೊದಿಕೆ ಸರಿಮಾಡಿದಳು. ನಾನು ವರಾಂಡದಲ್ಲಿ ಕುಳಿತು ಕಾಲು ಆಡಿಸುತ್ತಿದ್ದೆ. ಮಾಮಾ ಪಕ್ಕದಲ್ಲಿ ಕುಳಿತಿದ್ದರು. ಹೊರಗಿನವರಾಗಿದ್ದರೆ ಸರಿದು ಕೂರುತ್ತಿದ್ದರು. ಮಾಮಾ ನನ್ನ ಮೊಣಕಾಲ ಮೇಲೆ ಕೈಯಿಟ್ಟು ಹಾಗೇ ಕುಳಿತರು. ವರ್ಷಗಟ್ಟಲೆ ಬೋರ್ಡಿನ ಮೇಲೆ ಗೋಡಂಬಿ ಬರೆದವನಿಗೆ ಆ ದಿನ ಕಿಡ್ನಿ ಹೊಟ್ಟೆಯ ಯಾವ ಕಡೆ ಇರುತ್ತದೆಂಬುದೂ ನೆನಪಾಗಲಿಲ್ಲ.

ಎಲ್ಲ ಸರಿಯಾಯಿತು. ಚಂಪತ್ತಿ ಮೊದಲು ಎದ್ದು ಓಡಾಡಿದಳು. ಅಪ್ಪನ ಪಾದಗಳು ಇಳಿದು ಮತ್ತೆ ಪಾದಗಳಂತೆ ಕಾಣತೊಡಗಿದವು. ಊರಿಗೆ ಬಂದ ಮೇಲೆ ಬಹಳ ದಿನ ಜನರ ನಡುವೆ ಹೋಗಬಾರದೆಂದು ಡಾಕ್ಟರು ಹೇಳಿದ್ದರು. ಬಾಯಿಗೆ ಮೂಗಿಗೆ ಬಿಳಿ ಬಟ್ಟೆ ಕಟ್ಟಿಕೊಂಡು ಅವನು ಅಂಗಳದಲ್ಲಿ ಅಡ್ಡಾಡುವುದನ್ನು ಕಂಡು, ನೇಮಣ್ಣ ಶ್ವೇತಾಂಬರ ದೀಕ್ಷೆ ತಗೊಂಡನೇನೋ ಎಂದು ದಾರಿಹೋಕರು ಅವ್ವನನ್ನು ಕೇಳಿದರು. "ಸಿಟ್ಟು ಹಂಗಽ ಐತ್ರಿ, ದೀಕ್ಷಾ ಅಲ್ಲ" ಎಂದಳು ಅವ್ವ.

ಬಟ್ಟೆ ಬಿಚ್ಚಬಹುದೆಂದು ಡಾಕ್ಟರು ಹೇಳಿದ ಮೇಲೆ ಅಪ್ಪ ಮಾಡಿದ ಮೊದಲ ಕೆಲಸ, ಕಾಗವಾಡದಿಂದ ಟೆಂಪೊ ತರಿಸಿದ್ದು. ಆರ್ಗನ್ನಿನ ಎಲ್ಲ ತೇಪೆ ಕಿತ್ತು ಭಾತೆಗೆ ಹೊಸ ಬಟ್ಟೆ ಹಾಕಿಸಿದ್ದ. ಹಾಸಿಗೆ ಸುತ್ತಿ, ಹಗ್ಗ ಕಟ್ಟಿ ಏರಿಸಿ, ಅದರ ಪಕ್ಕದಲ್ಲೇ ತಾನೂ ಹಿಂದೆ ಕುಳಿತ. ಮುಂದೆ ಕೂರೆಂದರೆ ಕೇಳಲಿಲ್ಲ. ಅಥಣಿಯಲ್ಲಿ ಟೆಂಪೊ ನಿಂತಾಗ ಚಂಪತ್ತಿ ಬಾಗಿಲಿಗೆ ಬಂದು, ಒಳಗೇನಿದೆಯೆಂದು ನೋಡಿ, ಹೊಸ್ತಿಲ ಮೇಲೆ ಕಾಲಿಟ್ಟು ನಿಂತಳು. ಅವಳ ತಾಯಿಯೂ ಒಂದು ಕಾಲಕ್ಕೆ ಹೀಗೆಯೇ ನಿಂತಿದ್ದಳಂತೆ.

"ಅದರ ಬದಲಿ ತಂದೀ ಅಂದ್ರ ಟೆಂಪೊ ತಿರಗಸು ದಾದಾ."

"ಬದಲಿ ಅಲ್ಲ," ಎಂದ ಅಪ್ಪ. ಟೆಂಪೊದಿಂದ ಇಳಿಯದೆ, ಹಗ್ಗ ಹಿಡಿದುಕೊಂಡೇ ಹೇಳಿದ. "ಅಪ್ಪ ತೀರಿದಾಗ ನೀ ಕೇಳಿದ್ದಿ, ನಾ ನಕ್ಕಿದ್ನಿ. ಅದು ಆಗಿನ ಪಾಲು. ಇವತ್ತಿಂದಲ್ಲ."

ಚಂಪತ್ತಿ ಬಾಗಿಲಿನ ಎರಡನೆಯ ಕದವನ್ನೂ ತೆರೆದಳು.

ನಿಜವಾದ ಕಷ್ಟ ಶುರುವಾದದ್ದು ಆಮೇಲೆ. ಅಪ್ಪ ವಾರಕ್ಕೊಮ್ಮೆ ಬಸ್ಸಿನಲ್ಲಿ ಅಥಣಿಗೆ ಹೋಗಿ ತಂಗಿಗೆ ಕಲಿಸತೊಡಗಿದ. ಕಲಿಸುವುದು ಎಂದರೆ ಬಯ್ಯುವುದು. "ಕೈ ಎತ್ತು. ರೊಟ್ಟಿ ಬಡ್ಯಾಕತ್ತೀಯೇನು?" ಎಂದು ಅವನು, "ನೀ ರೊಟ್ಟಿ ಬಡದು ತೋರಸು, ಆಮ್ಯಾಲೆ ಹೇಳು" ಎಂದು ಅವಳು. ಮೊದಲ ದಿನ ಅವಳು ಸೀರೆಯ ನೆರಿಗೆ ಎತ್ತಿ ಸೊಂಟಕ್ಕೆ ಸಿಕ್ಕಿಸಿ, ಎರಡೂ ಪಾದ ಹಲಗೆಯ ಮೇಲೆ ಇಟ್ಟು, "ನೋಡೋರು ನೋಡ್ರಿ" ಎಂದು ಕುಳಿತಳಂತೆ. ನೋಡಲು ಇದ್ದದ್ದು ಮಾಮಾ ಒಬ್ಬರೇ. ಅವರು ದಿನವೂ ಮುಂಜಾನೆ ಅವಳ ಅಭ್ಯಾಸ ಶುರುವಾಗುವ ಮೊದಲೇ ಅಂಗಡಿ ತೆರೆಯತೊಡಗಿದರು. ಬಜಾರದಲ್ಲಿ ಎಲ್ಲರಿಗಿಂತ ಮೊದಲು ಬೋಣಿಗೆ ಆಗುತ್ತಿತ್ತು. ನಾನು ಸಿಕ್ಕಾಗ ಒಮ್ಮೆ ಮೆಲ್ಲಗೆ, "ಕಿಡ್ನಿ ಹೋದಾಗ ಥಾನಿನ ಹಿಂದ ಹೋಗಿ ಅತ್ತಿದ್ನಿ. ಪೇಟಿ ಬಂದ ಮ್ಯಾಲೆ ಎಲ್ಲರ ಮುಂದಽ ಅಳಾಕತ್ತೇನಿ" ಎಂದರು.

ಚಂಪತ್ತಿ ಬಿಡಲಿಲ್ಲ. ನನಗೆ ಆಶ್ಚರ್ಯವೆಂದರೆ ಅವಳು ಬಹಳ ಬೇಗ ಹಿಡಿದಳು. ಐವತ್ತು ದಾಟಿದ ಬೆರಳುಗಳು, ರೊಟ್ಟಿ ಬಡಿದ ಬೆರಳುಗಳು. ಆದರೂ ಎಲ್ಲಿಗೆ ಹೋಗಬೇಕೆಂದು ಅವುಗಳಿಗೆ ಮೊದಲೇ ಗೊತ್ತಿದ್ದಂತೆ ಇರುತ್ತಿತ್ತು. ಮಾರನೆಯ ವರ್ಷ ಭಾದ್ರಪದದಲ್ಲಿ, ದಶಲಕ್ಷಣ ಪರ್ವದ ಒಂದು ಮಧ್ಯಾಹ್ನ, ಅಥಣಿಯ ಬಸದಿಯ ಸಭಾಮಂಟಪದಲ್ಲಿ ಹೆಣ್ಣುಮಕ್ಕಳ ಭಜನೆಗೆ ಅವಳು ನುಡಿಸುವುದೆಂದು ನಿಗದಿಯಾಯಿತು. ಮಾಮಾ ಆ ದಿನ ಅಂಗಡಿ ಮುಚ್ಚಿದರು. ಅಪ್ಪ, ಅವ್ವ, ನಾನು, ಸರೋಜಾ ಹೋದೆವು. ಅಪ್ಪ ಮೊದಲ ಸಾಲಿನಲ್ಲಿ ಕುಳಿತು ಅಕ್ಕಪಕ್ಕದವರಿಗೆಲ್ಲ, "ಅಕಿಗೆ ನಾನಽ ತೋರಿಸಿದ್ದು" ಎಂದು ಹೇಳುತ್ತಿದ್ದ. ಒಂದು ಸಲವಾದರೂ ಅದು ಸತ್ಯವಾಗಿತ್ತಲ್ಲ ಎಂದು ನಾವು ಸುಮ್ಮನಿದ್ದೆವು.

ಹಾಡು ಶುರುವಾಯಿತು. ಮಂಟಪ ತುಂಬ ಹೆಣ್ಣುಮಕ್ಕಳು. ಚಂಪತ್ತಿಯ ಪಾದಗಳು ಎಲ್ಲರಿಗೂ ಕಾಣುವಂತೆ ಏಳುತ್ತ ಇಳಿಯುತ್ತ ಇದ್ದವು. ಎರಡನೆಯ ಚರಣದ ತಿರುವಿನಲ್ಲಿ ಅವಳ ಬೆರಳು ಒಂದು ಪಟ್ಟಿ ಪಕ್ಕಕ್ಕೆ ಬಿತ್ತು. ಹಾಡುವವರು ಗಲಿಬಿಲಿಗೊಂಡರು. ಅಪ್ಪ ಈಗ ಎದ್ದು ನಿಂತು ಬಯ್ಯುತ್ತಾನೆ ಎಂದು ನಾನು ಅವನ ಅಂಗಿಯ ತುದಿ ಹಿಡಿದುಕೊಂಡೆ. ಅವನು ಬಯ್ಯಲಿಲ್ಲ. ಒಮ್ಮೆ ಸಣ್ಣಗೆ ಕೆಮ್ಮಿದ.

ಚಂಪತ್ತಿಯ ಬೆರಳು ಪಟ್ಟನೆ ಸರಿಯಾದ ಮನೆಗೆ ಬಂತು. ಅವಳು ತಲೆ ತಗ್ಗಿಸಿಕೊಂಡೇ ನಕ್ಕಳು.

ಇತ್ತ ನಮ್ಮಲ್ಲಿ ಗದ್ದಲ. ಬೇರೆಯವರ ಕಿಡ್ನಿ ಹಾಕಿಸಿಕೊಂಡವರಿಗೆ ನೆಗಡಿ ಕೆಮ್ಮು ಬಂದರೆ ಕೂಡಲೇ ತೋರಿಸಬೇಕೆಂದು ಡಾಕ್ಟರು ಹೇಳಿದ್ದರು. ಅವ್ವ ಅವನ ಹಣೆ ಮುಟ್ಟಿದಳು. ಸರೋಜಾ ನೀರು ತಂದಳು. ಯಾರೋ ಶುಂಠಿ ಕೊಟ್ಟರು. ಅವನು ಎಲ್ಲವನ್ನೂ ಕೈಸನ್ನೆಯಿಂದ ಬೇಡವೆಂದು, ಕಣ್ಣು ಮುಚ್ಚಿ ಹಾಡು ಕೇಳಿದ.

ತಿರುಗಿ ಬರುವಾಗ ಬಸ್ಸಿನಲ್ಲಿ ಅವನ ಪಕ್ಕದಲ್ಲಿ ನಾನು ಕುಳಿತಿದ್ದೆ. "ಅಪ್ಪಾ, ಕೆಮ್ಮು ಯಾವಾಗಿಂದ ಐತಿ? ನಾಳೆ ಮಿರಜಕ್ಕ ಹೋಗೂಣು" ಎಂದೆ.

"ಅದು ನನ್ನ ಕೆಮ್ಮಲ್ಲೋ," ಎಂದ ಅಪ್ಪ. "ಅಕಿದು."

ನನಗೆ ತಿಳಿಯಲಿಲ್ಲ. ಅವನು ಕಿಟಕಿಯ ಕಡೆ ನೋಡುತ್ತ ಹೇಳಿದ.

"ಅಪ್ಪ ನನಗ ಕಲಸೂ ಮುಂದ ಅಕಿ ಅಡಗಿಮನ್ಯಾಗ ಇರತಿದ್ದಳು. ನಾ ತಪ್ಪಿದ್ನಿ ಅಂದ್ರ ಒಳಗಿಂದ ಕೆಮ್ಮತಿದ್ದಳು. ಅಪ್ಪನ ಕೈ ಮ್ಯಾಲೆ ಏಳೂದ್ರಾಗ ನಾ ಸರಿ ಮಾಡಿಕೊಂತಿದ್ನಿ. ಹುಡುಗಿಗೆ ಕೆಮ್ಮು ಹತ್ತೇತಿ ಅಂತ ಅಪ್ಪ ಅಕಿಗೆ ಕಷಾಯ ಕುಡಸತಿದ್ದ. ಕುಡೀತಿದ್ದಳು ಪಾಪ. ಒಂದು ದಿನಾನೂ ಹೇಳಲಿಲ್ಲ."

ಬಸ್ಸು ನಿಂತಿತು, ಯಾರೋ ಇಳಿದರು, ಮತ್ತೆ ಹೊರಟಿತು.

"ನೀನೂ ಹೇಳಲಿಲ್ಲಲ್ಲಪಾ," ಎಂದೆ ನಾನು.

"ಹೆಂಗ ಹೇಳ್ಲಿ?" ಎಂದ ಅಪ್ಪ. "ಹೇಳಿದ್ರ ಆರ್ಗನ್ ಆವಾಗಽ ಅಕಿಗೆ ಹೋಗತಿತ್ತು."